ಪರಾವಲಂಬಿ ಕಣಜಗಳು

ಪರಾವಲಂಬಿ ಕಣಜಗಳು ಎಂದರೆ ತಮ್ಮ ಮೊಟ್ಟೆಗಳನ್ನು ಬೇರೆ ಕೀಟಗಳ ದೇಹದ ಒಳಗೆ ಅಥವಾ ಮೇಲೆ ಇಡುವ ಕಣಜಗಳ ಒಂದು ದೊಡ್ಡ ಸಮೂಹ. ಮೊಟ್ಟೆಯಿಂದ ಹೊರಬಂದ ಮರಿಗಳು ಆ ಕೀಟವನ್ನೇ ತಿಂದು ಬೆಳೆಯುತ್ತವೆ. ಅವು ಬೆಳೆದು ಮುಗಿಯುವ ಹೊತ್ತಿಗೆ ಆಶ್ರಯ ಕೊಟ್ಟ ಕೀಟ ಸತ್ತಿರುತ್ತದೆ. ಜೇನ್ನೊಣ ಮತ್ತು ಇರುವೆಗಳನ್ನೊಳಗೊಂಡ ಹೈಮೆನಾಪ್ಟೆರಾ ಗಣಕ್ಕೆ ಇವು ಸೇರುತ್ತವೆ. ಬಹುಪಾಲು ಪ್ರಭೇದಗಳು ಕೆಲವೇ ಮಿಲಿಮೀಟರ್ ಉದ್ದದವು. ಮನುಷ್ಯರಿಗೆ ಇವುಗಳಿಂದ ತೊಂದರೆಯಿಲ್ಲ. ಬೆಳೆಗಳನ್ನು ಹಾಳುಮಾಡುವ ಮರಿಹುಳು, ಹಿಟ್ಟು ತಿಗಣೆ, ಸಸ್ಯಹೇನು, ಬಿಳಿ ನೊಣ ಮೊದಲಾದವುಗಳ ಸಂಖ್ಯೆಯನ್ನು ನಿಸರ್ಗದಲ್ಲಿ ಹತೋಟಿಯಲ್ಲಿಡುವ ಮುಖ್ಯ ಶಕ್ತಿಗಳಲ್ಲಿ ಇವು ಸೇರಿವೆ. ಕರ್ನಾಟಕದಲ್ಲಿ ತೆಂಗು, ಕಬ್ಬು, ಭತ್ತ, ಪಪ್ಪಾಯಿ, ಹಿಪ್ಪುನೇರಳೆ ಮುಂತಾದ ಬೆಳೆಗಳ ಪೀಡೆ ನಿಯಂತ್ರಣದಲ್ಲಿ ಇವುಗಳ ಬಳಕೆಯಾಗಿದೆ. ಈ ವಿಷಯದ ಸಂಶೋಧನೆಗೆ ಬೆಂಗಳೂರು ದೇಶದ ಪ್ರಮುಖ ಕೇಂದ್ರವಾಗಿದೆ.

ಹೆಸರು

ಕನ್ನಡದಲ್ಲಿ 'ಕಣಜ' ಎಂಬ ಪದಕ್ಕೆ ಧಾನ್ಯ ತುಂಬಿಡುವ ಉಗ್ರಾಣ ಎಂಬ ಅರ್ಥವೂ ಕುಟುಕುವ ಹುಳು ಎಂಬ ಅರ್ಥವೂ ಇದೆ. ಹುಳುವಿಗೆ ಕಡಜ, ಕಣಜದ ಹುಳು ಎಂಬ ರೂಪಗಳೂ ಬಳಕೆಯಲ್ಲಿವೆ. ಆಡುಮಾತಿನಲ್ಲಿ ಈ ಹೆಸರುಗಳು ಸಾಮಾನ್ಯವಾಗಿ ಗೂಡು ಕಟ್ಟಿ ಗುಂಪಾಗಿ ಬದುಕುವ, ಕೆಣಕಿದರೆ ಕುಟುಕುವ ದೊಡ್ಡ ಕಣಜಗಳನ್ನು ಸೂಚಿಸುತ್ತವೆ. ಪರಾವಲಂಬಿ ಕಣಜಗಳಲ್ಲಿ ಹೆಚ್ಚಿನವು ಗೂಡು ಕಟ್ಟುವುದಿಲ್ಲ, ಗುಂಪಿನಲ್ಲಿ ಬದುಕುವುದೂ ಇಲ್ಲ. ಗಾತ್ರ ಚಿಕ್ಕದಾದ್ದರಿಂದ ಹೊಲ ತೋಟಗಳಲ್ಲಿ ಕಣ್ಣಿಗೆ ಬಿದ್ದರೂ ಇವನ್ನು ಗುಂಗಾಡು ಅಥವಾ ಸಣ್ಣ ನೊಣವೆಂದು ಭಾವಿಸುವುದೇ ಹೆಚ್ಚು.

ಉಣ್ಣೆ, ಹೇನು, ಜಂತುಹುಳುಗಳಂತಹ ಪರಾವಲಂಬಿಗಳು ಆಶ್ರಯದ ಪ್ರಾಣಿಯನ್ನು ಸಾಮಾನ್ಯವಾಗಿ ಕೊಲ್ಲುವುದಿಲ್ಲ. ಅದು ಬದುಕಿದ್ದರೆ ಮಾತ್ರ ಅವುಗಳಿಗೂ ಬದುಕು. ಈ ಕಣಜಗಳ ಮರಿಗಳಾದರೋ ಕೊನೆಗೆ ಆಶ್ರಯದ ಕೀಟವನ್ನು ಕೊಂದೇ ತೀರುತ್ತವೆ. ಈ ವ್ಯತ್ಯಾಸವನ್ನು ಸೂಚಿಸಲು ಫಿನ್ಲೆಂಡಿನ ಕೀಟವಿಜ್ಞಾನಿ ಒ. ಎಂ. ರಾಯ್ಟರ್ 1913ರಲ್ಲಿ 'ಪ್ಯಾರಾಸಿಟಾಯ್ಡ್' ಎಂಬ ಬೇರೆಯೇ ಪದವನ್ನು ಬಳಕೆಗೆ ತಂದರು. ಕನ್ನಡದ ಕೃಷಿ ಸಾಹಿತ್ಯದಲ್ಲಿ ಇದಕ್ಕೆ 'ಪರತಂತ್ರ ಜೀವಿ' ಎಂಬ ಪದ ರೂಢಿಯಲ್ಲಿದೆ. ಹುಳುವನ್ನು ನೇರವಾಗಿ ಹಿಡಿದು ತಿನ್ನುವ ಗುಲಗಂಜಿ ಹುಳು, ಜೇಡ ಮುಂತಾದವುಗಳಿಗೆ 'ಪರಭಕ್ಷಕ' ಎನ್ನುತ್ತಾರೆ. ಪರತಂತ್ರ ಜೀವಿಯ ಮರಿ ಬೆಳೆಯುವ ಕೀಟವನ್ನು 'ಆತಿಥೇಯ ಕೀಟ' ಎಂದು ಕರೆಯಲಾಗುತ್ತದೆ.

ವರ್ಗೀಕರಣ

ಪರಾವಲಂಬಿ ಕಣಜಗಳು ಒಂದೇ ಕುಟುಂಬಕ್ಕೆ ಸೇರಿದವಲ್ಲ. ಅವುಗಳಲ್ಲಿ ಕೃಷಿಯ ದೃಷ್ಟಿಯಿಂದ ಮುಖ್ಯವಾದ ಗುಂಪುಗಳು ಇವು:

ಇಕ್ನ್ಯೂಮೊನಿಡೇ – ಉದ್ದ ಮೀಸೆಯ, ತೆಳು ಸೊಂಟದ, ತುಲನಾತ್ಮಕವಾಗಿ ದೊಡ್ಡ ಕಣಜಗಳು. ಹೆಚ್ಚಾಗಿ ಪತಂಗಗಳ ಮರಿಹುಳು ಮತ್ತು ಕೋಶಗಳಲ್ಲಿ ಬೆಳೆಯುತ್ತವೆ. ವಿವರಿಸಲ್ಪಟ್ಟ ಪ್ರಭೇದಗಳೇ ಇಪ್ಪತ್ತು ಸಾವಿರಕ್ಕೂ ಹೆಚ್ಚು.

ಬ್ರಾಕೊನಿಡೇ – ಹಿಂದಿನ ಗುಂಪಿನ ಹತ್ತಿರದ ಸಂಬಂಧಿಗಳು. ಕೋಟೇಶಿಯಾ, ಅಪಾಂಟೆಲಿಸ್, ಬ್ರಾಕಾನ್ ಮುಂತಾದ ಜಾತಿಗಳು ಇದರಲ್ಲಿವೆ. ಸಸ್ಯಹೇನುಗಳ ಮೇಲೆ ಬೆಳೆಯುವ ಪ್ರಭೇದಗಳೂ ಇಲ್ಲಿ ಸೇರುತ್ತವೆ.

ಕ್ಯಾಲ್ಸಿಡ್ ಕಣಜಗಳು – ಹಲವು ಕುಟುಂಬಗಳ ಒಕ್ಕೂಟ. ಕೀಟಗಳ ಮೊಟ್ಟೆಯೊಳಗೆ ಬೆಳೆಯುವ ಟ್ರೈಕೋಗ್ರಾಮ, ಬಿಳಿ ನೊಣಗಳ ಮೇಲಿನ ಎನ್ಕಾರ್ಸಿಯಾ, ಹಿಟ್ಟು ತಿಗಣೆಗಳ ಮೇಲಿನ ಅಸಿರೋಫೇಗಸ್ ಮತ್ತು ಅನಾಗೈರಸ್ ಈ ಗುಂಪಿನವು.

ಬೆಥಿಲಿಡೇ – ತೆಂಗಿನ ಕಪ್ಪು ತಲೆ ಹುಳುವಿನ ಮೇಲೆ ಬೆಳೆಯುವ ಗೊನಿಯೋಜಸ್ ಈ ಕುಟುಂಬದ್ದು.

ಸ್ಕೋಲಿಡೇ – ಮಣ್ಣನ್ನು ಅಗೆದು ಒಳಗಿರುವ ಗೊಣ್ಣೆಹುಳುಗಳ ಮೇಲೆ ಮೊಟ್ಟೆಯಿಡುವ, ರೋಮಭರಿತ ದೊಡ್ಡ ಕಣಜಗಳು.

ದೇಹರಚನೆ

ಎರಡು ಜೊತೆ ಪಾರದರ್ಶಕ ರೆಕ್ಕೆ, ಎದೆ ಮತ್ತು ಹೊಟ್ಟೆಯ ನಡುವೆ ಕಿರಿದಾದ ಸೊಂಟ ಹಾಗೂ ಸದಾ ಅಲುಗಾಡುವ ಮೀಸೆಗಳು ಈ ಕಣಜಗಳ ಸಾಮಾನ್ಯ ಲಕ್ಷಣಗಳು. ಹೆಣ್ಣಿನ ಹೊಟ್ಟೆಯ ತುದಿಯಲ್ಲಿ ಮೊಟ್ಟೆಯಿಡುವ ಸೂಜಿಯಂತಹ ನಳಿಕೆ ಇರುತ್ತದೆ. ಕೆಲವು ಪ್ರಭೇದಗಳಲ್ಲಿ ಇದು ದೇಹಕ್ಕಿಂತಲೂ ಉದ್ದ. ಮರದ ಕಾಂಡದೊಳಗೆ ಅಡಗಿರುವ ಕೊರಕ ಹುಳುವನ್ನು ಹೊರಗಿನಿಂದಲೇ ತಲುಪಲು ಅದು ನೆರವಾಗುತ್ತದೆ. ಜೇನ್ನೊಣ ಮತ್ತು ಕುಟುಕುವ ಕಣಜಗಳ ಕೊಂಡಿಯು ವಿಕಾಸದ ಹಾದಿಯಲ್ಲಿ ಇದೇ ನಳಿಕೆಯಿಂದ ರೂಪುಗೊಂಡದ್ದು.

ಗಾತ್ರದಲ್ಲಿ ಇವು ಬಹಳ ವೈವಿಧ್ಯವುಳ್ಳವು. ಕೆಲವು ಇಕ್ನ್ಯೂಮೊನಿಡ್ ಕಣಜಗಳು ಹಲವು ಸೆಂಟಿಮೀಟರ್ ಉದ್ದವಿರುತ್ತವೆ. ಟ್ರೈಕೋಗ್ರಾಮ ಸುಮಾರು ಅರ್ಧ ಮಿಲಿಮೀಟರ್ ಮಾತ್ರ. ಈವರೆಗೆ ತಿಳಿದಿರುವ ಅತಿ ಚಿಕ್ಕ ಕೀಟವೂ ಇವುಗಳಲ್ಲಿಯೇ ಒಂದು: ಡೈಕೊಪೊಮಾರ್ಫ ಎಕ್ಮೆಪ್ಟೆರಿಜಿಸ್ ಎಂಬ ಕಣಜದ ಗಂಡು 0.14 ಮಿಲಿಮೀಟರ್‌ನಷ್ಟು ಇರುತ್ತದೆ.

ಜೀವನಚಕ್ರ

ಹೆಣ್ಣು ಕಣಜವು ತನಗೆ ಹೊಂದುವ ಕೀಟವನ್ನು ಕಂಡುಹಿಡಿದು, ಮೀಸೆಗಳಿಂದ ಮುಟ್ಟಿ ಪರೀಕ್ಷಿಸಿ, ಬಳಿಕ ಮೊಟ್ಟೆಯಿಡುತ್ತದೆ. ಆತಿಥೇಯ ಕೀಟದ ಯಾವ ಹಂತದಲ್ಲಿ ಮೊಟ್ಟೆಯಿಡುತ್ತದೆ ಎಂಬುದರ ಮೇಲೆ ಇವನ್ನು ಮೊಟ್ಟೆಯ ಪರತಂತ್ರ ಜೀವಿ, ಮರಿಹುಳುವಿನ ಪರತಂತ್ರ ಜೀವಿ, ಕೋಶದ ಪರತಂತ್ರ ಜೀವಿ ಎಂದು ವಿಂಗಡಿಸುತ್ತಾರೆ. ಪೀಡೆ ನಿಯಂತ್ರಣದಲ್ಲಿ ಈ ವಿಂಗಡಣೆಗೆ ಮಹತ್ವವಿದೆ. ಮೊಟ್ಟೆಯ ಹಂತದಲ್ಲಿಯೇ ಪೀಡೆ ನಾಶವಾದರೆ ಬೆಳೆಗೆ ಹಾನಿ ಆರಂಭವೇ ಆಗುವುದಿಲ್ಲ. ಮರಿಹುಳುವಿನ ಹಂತದಲ್ಲಿ ದಾಳಿ ನಡೆದರೆ ಹುಳು ಕೆಲದಿನ ಎಲೆ ತಿಂದ ಬಳಿಕ ಸಾಯುತ್ತದೆ. ಆದರೆ ಮುಂದಿನ ಪೀಳಿಗೆ ತಗ್ಗುತ್ತದೆ.

ಆತಿಥೇಯ ಕೀಟವನ್ನು ನಡೆಸಿಕೊಳ್ಳುವ ರೀತಿಯಲ್ಲಿ ಎರಡು ಮುಖ್ಯ ಬಗೆಗಳಿವೆ. ಕೆಲವು ಕಣಜಗಳು ಕುಟುಕಿ, ಹುಳುವನ್ನು ಅಲುಗಾಡದಂತೆ ಮಾಡಿ, ಅದರ ಮೈಮೇಲೆ ಮೊಟ್ಟೆಯಿಡುತ್ತವೆ. ಗೊನಿಯೋಜಸ್ ಈ ಬಗೆಯದು. ಅದರ ತಾಯಿ ಮೊಟ್ಟೆಯಿಟ್ಟು ಹಾರಿಹೋಗದೆ ಮರಿಗಳು ಬೆಳೆಯುವ ತನಕ ಕಾವಲಿರುತ್ತದೆ. ಇನ್ನು ಕೆಲವು ಕಣಜಗಳು ಹುಳುವಿನ ದೇಹದೊಳಗೆ ಮೊಟ್ಟೆಯಿಟ್ಟು ಅದನ್ನು ಎಂದಿನಂತೆ ತಿರುಗಾಡಲು ಬಿಡುತ್ತವೆ. ಒಳಗಿನ ಮರಿಗಳು ಮೊದಲು ರಕ್ತದ್ರವ ಮತ್ತು ಕೊಬ್ಬನ್ನು ತಿನ್ನುತ್ತವೆ. ಪ್ರಾಣಕ್ಕೆ ಅಗತ್ಯವಾದ ಅಂಗಗಳನ್ನು ಕೊನೆಗೆ ಉಳಿಸಿಕೊಳ್ಳುತ್ತವೆ. ಹುಳುವಿನ ರೋಗನಿರೋಧಕ ಶಕ್ತಿ ತನ್ನ ಮೊಟ್ಟೆಯನ್ನು ನಾಶಮಾಡದಂತೆ ತಡೆಯಲು ಹಲವು ಬ್ರಾಕೊನಿಡ್ ಮತ್ತು ಇಕ್ನ್ಯೂಮೊನಿಡ್ ಕಣಜಗಳು ಮೊಟ್ಟೆಯೊಂದಿಗೆ ವಿಷವನ್ನೂ ಒಂದು ವಿಶಿಷ್ಟ ಬಗೆಯ ವೈರಸ್ಸನ್ನೂ ಸೇರಿಸುತ್ತವೆ.

ಕೋಪಿಡೊಸೋಮ ಎಂಬ ಜಾತಿಯ ಕಣಜಗಳಲ್ಲಿ ಒಂದೇ ಮೊಟ್ಟೆ ಪುನಃಪುನಃ ವಿಭಜನೆಗೊಂಡು, ಒಂದು ಮರಿಹುಳುವಿನಿಂದ ಸಾವಿರಕ್ಕೂ ಮಿಕ್ಕಿ ಕಣಜಗಳು ಹೊರಬರುವುದುಂಟು. ಲಿಂಗ ನಿರ್ಧಾರದ ಕ್ರಮವೂ ವಿಶಿಷ್ಟವಾದುದು: ಫಲಿತ ಮೊಟ್ಟೆಯಿಂದ ಹೆಣ್ಣು, ಫಲಿತವಾಗದ ಮೊಟ್ಟೆಯಿಂದ ಗಂಡು ಹುಟ್ಟುತ್ತದೆ. ಪ್ರೌಢ ಕಣಜಗಳ ಆಹಾರ ಮುಖ್ಯವಾಗಿ ಹೂವಿನ ಮಕರಂದ ಮತ್ತು ಸಸ್ಯಹೇನು, ಹಿಟ್ಟು ತಿಗಣೆ ಮೊದಲಾದವು ಸ್ರವಿಸುವ ಸಿಹಿ ಅಂಟು ದ್ರವ.

ಟ್ರೈಕೋಗ್ರಾಮದ ಜೀವನಚಕ್ರ ಸುಮಾರು 8ರಿಂದ 10 ದಿನಗಳಲ್ಲಿ ಮುಗಿಯುತ್ತದೆ. ಪತಂಗವು ವರ್ಷದಲ್ಲಿ ಕೆಲವೇ ಪೀಳಿಗೆಗಳನ್ನು ಕಂಡರೆ, ಅದೇ ಅವಧಿಯಲ್ಲಿ ಈ ಕಣಜ ಅನೇಕ ಪೀಳಿಗೆಗಳನ್ನು ಪೂರೈಸುತ್ತದೆ. ಚಿಕ್ಕ ಜೀವಿಯೊಂದು ದೊಡ್ಡ ಪೀಡೆಯನ್ನು ಹಿಂದಿಕ್ಕಲು ಇದೂ ಒಂದು ಕಾರಣ.

ಆತಿಥೇಯ ಕೀಟವನ್ನು ಹುಡುಕುವ ಬಗೆ

ಹಸಿರು ರಾಶಿಯ ನಡುವೆ ಒಂದು ಸಣ್ಣ ಹುಳುವನ್ನು ಈ ಕಣಜಗಳು ಪ್ರಧಾನವಾಗಿ ವಾಸನೆಯಿಂದ ಕಂಡುಕೊಳ್ಳುತ್ತವೆ. ಹುಳುವಿನ ಹಿಕ್ಕೆ, ಪತಂಗದ ರೆಕ್ಕೆಯಿಂದ ಉದುರಿದ ಹುಡಿ, ಹೆಣ್ಣು ಪತಂಗವು ಗಂಡನ್ನು ಕರೆಯಲು ಸೂಸುವ ಗಂಧ – ಇವೆಲ್ಲ ಅವುಗಳಿಗೆ ಸುಳಿವುಗಳು. ಗಿಡಗಳೂ ಇದರಲ್ಲಿ ಪಾಲ್ಗೊಳ್ಳುತ್ತವೆ. ಮರಿಹುಳು ಎಲೆಯನ್ನು ತಿನ್ನತೊಡಗಿದಾಗ ಅದರ ಜೊಲ್ಲಿನ ಸಂಪರ್ಕದಿಂದ ಗಿಡವು ವಿಶಿಷ್ಟ ಗಂಧದ ರಾಸಾಯನಿಕಗಳನ್ನು ಗಾಳಿಗೆ ಬಿಡುತ್ತದೆ. ಮುಸುಕಿನ ಜೋಳದ ಸಸಿಗಳ ಮೇಲೆ ನಡೆದು 1990ರಲ್ಲಿ ಪ್ರಕಟವಾದ ಪ್ರಯೋಗಗಳು, ಕೋಟೇಶಿಯಾ ಕಣಜಗಳು ಈ ಗಂಧವನ್ನು ಅನುಸರಿಸಿ ಹುಳುವಿನ ಬಳಿ ಬರುತ್ತವೆ ಎಂಬುದನ್ನು ತೋರಿಸಿಕೊಟ್ಟವು. ಯಂತ್ರವಾಗಲಿ ಔಷಧಿಯ ಸಿಂಪರಣೆಯಾಗಲಿ ತಲುಪಲಾಗದ ಎಲೆಯ ಅಡಿ, ಸುಳಿಯ ಸಂದು, ಕಾಂಡದ ಒಳಭಾಗಗಳನ್ನು ಇವು ತಲುಪುವುದು ಹೀಗೆ.

ಪೀಡೆ ನಿಯಂತ್ರಣದ ವಿಧಾನಗಳು

ಒಂದು ಜೀವಿಯನ್ನು ಇನ್ನೊಂದು ಜೀವಿಯ ಮೂಲಕ ಹತೋಟಿಯಲ್ಲಿಡುವುದಕ್ಕೆ ಜೈವಿಕ ನಿಯಂತ್ರಣ ಎಂದು ಹೆಸರು. ಇದರಲ್ಲಿ ಪರಾವಲಂಬಿ ಕಣಜಗಳನ್ನು ಮೂರು ವಿಧದಲ್ಲಿ ಬಳಸಲಾಗುತ್ತದೆ.

ಮೊದಲನೆಯದು ಪರಿಚಯಿಸುವಿಕೆ. ಹೊರದೇಶದಿಂದ ಬಂದ ಪೀಡೆಯು ತನ್ನ ಸಹಜ ಶತ್ರುಗಳನ್ನು ತವರಿನಲ್ಲಿಯೇ ಬಿಟ್ಟು ಬಂದಿರುತ್ತದೆ. ಆದ್ದರಿಂದ ಹೊಸ ನೆಲದಲ್ಲಿ ಅಡೆತಡೆಯಿಲ್ಲದೆ ಹೆಚ್ಚುತ್ತದೆ. ಅದರ ತವರಿನಿಂದ ತಕ್ಕ ಕಣಜವನ್ನು ತಂದು, ಪ್ರತ್ಯೇಕವಾಗಿಟ್ಟು ಪರೀಕ್ಷಿಸಿ, ಬಳಿಕ ಬಿಡುಗಡೆ ಮಾಡುತ್ತಾರೆ. ಕಣಜವು ನೆಲೆಯೂರಿದರೆ ಮತ್ತೆ ಮತ್ತೆ ಬಿಡಬೇಕಾಗಿಲ್ಲ. 1883ರಲ್ಲಿ ಎಲೆಕೋಸಿನ ಮರಿಹುಳುವಿನ ವಿರುದ್ಧ ಇಂಗ್ಲೆಂಡಿನಿಂದ ಅಮೆರಿಕಕ್ಕೆ ಕೋಟೇಶಿಯಾ ಗ್ಲಾಮೆರೇಟಾವನ್ನು ತರಿಸಿಕೊಂಡದ್ದು ಈ ಬಗೆಯ ಆರಂಭದ ಯತ್ನಗಳಲ್ಲಿ ಒಂದು. 1970ರ ದಶಕದಲ್ಲಿ ಆಫ್ರಿಕದ ಮರಗೆಣಸನ್ನು ಹಾಳುಗೆಡವಿದ ಹಿಟ್ಟು ತಿಗಣೆಯನ್ನು ದಕ್ಷಿಣ ಅಮೆರಿಕದಿಂದ ತಂದ ಅನಾಗೈರಸ್ ಲೋಪೆಜಿ ಎಂಬ ಕಣಜ ಹತೋಟಿಗೆ ತಂದಿತು. ಕೋಟ್ಯಂತರ ಜನರ ಆಹಾರವನ್ನು ಉಳಿಸಿದ ಈ ಕಾರ್ಯದ ನೇತೃತ್ವಕ್ಕಾಗಿ ಸ್ವಿಟ್ಜರ್ಲೆಂಡಿನ ಹಾನ್ಸ್ ಹೆರೆನ್ ಅವರಿಗೆ 1995ರ ವಿಶ್ವ ಆಹಾರ ಪ್ರಶಸ್ತಿ ದೊರೆಯಿತು. ಇದೇ ತಿಗಣೆ 2020ರಲ್ಲಿ ಕೇರಳದಲ್ಲಿ ಕಾಣಿಸಿಕೊಂಡಾಗ ಭಾರತಕ್ಕೂ ಅದೇ ಕಣಜವನ್ನು ತರಿಸಲಾಯಿತು.

ಎರಡನೆಯದು ಸಂಖ್ಯಾವೃದ್ಧಿ. ಪ್ರಯೋಗಾಲಯದಲ್ಲಿ ಕಣಜಗಳನ್ನು ದೊಡ್ಡ ಪ್ರಮಾಣದಲ್ಲಿ ಸಾಕಿ, ಪೀಡೆ ಕಾಣಿಸುವ ಹೊತ್ತಿಗೆ ಹೊಲಕ್ಕೆ ಬಿಡುವುದು.

ಮೂರನೆಯದು ಸಂರಕ್ಷಣೆ. ಹೊಲದಲ್ಲಿ ಮೊದಲೇ ಇರುವ ಕಣಜಗಳು ಉಳಿದು ಬೆಳೆಯುವಂತೆ ನೋಡಿಕೊಳ್ಳುವುದು. ಮೂರರಲ್ಲಿ ಖರ್ಚು ಕಡಿಮೆ ಇರುವುದು ಇದಕ್ಕೆ. ಉಳಿದೆರಡು ವಿಧಾನಗಳ ಯಶಸ್ಸೂ ಇದನ್ನೇ ಅವಲಂಬಿಸಿದೆ.

ಕರ್ನಾಟಕದಲ್ಲಿ

ಸಂಸ್ಥೆಗಳು

1930ರ ದಶಕದಲ್ಲಿಯೇ ಮೈಸೂರು ಸಂಸ್ಥಾನದಲ್ಲಿ ಕಬ್ಬಿನ ಕೊರಕ ಹುಳುಗಳ ವಿರುದ್ಧ ಟ್ರೈಕೋಗ್ರಾಮವನ್ನು ಸಾಕುವ ಪ್ರಯೋಗಗಳು ನಡೆದಿದ್ದವು. 1957ರಲ್ಲಿ ಕಾಮನ್‌ವೆಲ್ತ್ ಜೈವಿಕ ನಿಯಂತ್ರಣ ಸಂಸ್ಥೆಯ ಭಾರತೀಯ ಕೇಂದ್ರ ಬೆಂಗಳೂರಿನಲ್ಲಿ ಆರಂಭವಾಯಿತು. ಟ್ರೈಕೋಗ್ರಾಮದ ಪ್ರಭೇದಗಳು ಹೊರನೋಟಕ್ಕೆ ಒಂದೇ ತೆರನಾಗಿರುತ್ತವೆ. ಗಂಡಿನ ಜನನಾಂಗದ ರಚನೆಯಿಂದ ಅವುಗಳನ್ನು ಬೇರ್ಪಡಿಸಬಹುದು ಎಂದು 1970ರ ದಶಕದ ಆರಂಭದಲ್ಲಿ ತೋರಿಸಿಕೊಟ್ಟವರು ಸುಧಾ ನಾಗರಕಟ್ಟಿ ಮತ್ತು ಎಚ್. ನಾಗರಾಜ. ಯಾವ ಪೀಡೆಗೆ ಯಾವ ಪ್ರಭೇದವೆಂದು ಖಚಿತವಾಗಿ ಆರಿಸಲು ಈ ಕೆಲಸ ದಾರಿಮಾಡಿಕೊಟ್ಟಿತು.

1977ರಲ್ಲಿ ಅಖಿಲ ಭಾರತ ಜೈವಿಕ ನಿಯಂತ್ರಣ ಸಮನ್ವಯ ಸಂಶೋಧನಾ ಯೋಜನೆ ಪ್ರಾರಂಭವಾಯಿತು. 1993ರಲ್ಲಿ ಅದರ ಆಧಾರದ ಮೇಲೆ ಜೈವಿಕ ನಿಯಂತ್ರಣ ಯೋಜನಾ ನಿರ್ದೇಶನಾಲಯ ರೂಪುಗೊಂಡಿತು. ಬೆಂಗಳೂರಿನ ಹೆಬ್ಬಾಳದಲ್ಲಿರುವ ಈ ಸಂಸ್ಥೆ ಮುಂದೆ ಹೆಸರು ಬದಲಾಗಿ, ಈಗ ರಾಷ್ಟ್ರೀಯ ಕೃಷಿ ಕೀಟ ಸಂಪನ್ಮೂಲ ಬ್ಯೂರೋ ಎಂದು ಕರೆಯಲ್ಪಡುತ್ತದೆ. ಉಪಯುಕ್ತ ಕೀಟಗಳ ಜೀವಂತ ಸಂಗ್ರಹವನ್ನು ಕಾಯ್ದಿಡುವುದು ಅದರ ಕೆಲಸಗಳಲ್ಲಿ ಒಂದು.

ಪಪ್ಪಾಯಿ ಹಿಟ್ಟು ತಿಗಣೆ

ಭಾರತದಲ್ಲಿ ಪರಾವಲಂಬಿ ಕಣಜಗಳ ಬಳಕೆಯ ಅತ್ಯಂತ ಯಶಸ್ವಿ ಉದಾಹರಣೆಗಳಲ್ಲಿ ಇದು ಒಂದು. ಮೆಕ್ಸಿಕೊ ಮತ್ತು ಮಧ್ಯ ಅಮೆರಿಕ ಮೂಲದ ಪ್ಯಾರಾಕಾಕಸ್ ಮಾರ್ಜಿನೇಟಸ್ ಎಂಬ ಹಿಟ್ಟು ತಿಗಣೆ 2008ರಲ್ಲಿ ಕೊಯಮತ್ತೂರಿನಲ್ಲಿ ಕಂಡುಬಂದಿತು. ಅಲ್ಲಿಂದ ಮುಂದಿನ ಎರಡು ವರ್ಷಗಳಲ್ಲಿ ಕರ್ನಾಟಕ, ಕೇರಳ, ಮಹಾರಾಷ್ಟ್ರಗಳಿಗೂ ಹಬ್ಬಿತು. ಪಪ್ಪಾಯಿಯಲ್ಲದೆ ಹಿಪ್ಪುನೇರಳೆ, ಮರಗೆಣಸು, ಹತ್ತಿ, ಸೀಬೆ, ದಾಸವಾಳ ಮುಂತಾದ ಗಿಡಗಳನ್ನೂ ಪಾರ್ಥೇನಿಯಂನಂತಹ ಕಳೆಗಳನ್ನೂ ಅದು ಆವರಿಸಿತು. ರಸ ಹೀರಿದ ಎಲೆಗಳು ಮುದುಡಿ, ತಿಗಣೆಯ ಸಿಹಿ ಅಂಟಿನ ಮೇಲೆ ಕಪ್ಪು ಬೂಷ್ಟು ಬೆಳೆದು, ಕಾಯಿಗಳು ಬಿಳಿ ಹಿಟ್ಟಿನಿಂದ ಮುಚ್ಚಿಹೋಗುತ್ತಿದ್ದವು. ಹಿಪ್ಪುನೇರಳೆ ಸೊಪ್ಪು ಹಾಳಾದಾಗ ರೇಷ್ಮೆ ಕೃಷಿಕರು ಇಮ್ಮಡಿ ಸಂಕಟಕ್ಕೆ ಸಿಲುಕಿದರು: ಔಷಧಿ ಸಿಂಪಡಿಸದಿದ್ದರೆ ಸೊಪ್ಪಿಲ್ಲ, ಸಿಂಪಡಿಸಿದರೆ ಆ ಸೊಪ್ಪು ತಿಂದ ರೇಷ್ಮೆ ಹುಳು ಉಳಿಯುವುದಿಲ್ಲ.

ತಿಗಣೆಯ ಮೈಮೇಲಿನ ಮೇಣದ ಹುಡಿ ಮತ್ತು ಮೊಟ್ಟೆಗಳನ್ನು ಮುಚ್ಚಿದ ಹತ್ತಿಯಂತಹ ಚೀಲಗಳಿಂದಾಗಿ ಕೀಟನಾಶಕಗಳು ಅದಕ್ಕೆ ಸರಿಯಾಗಿ ತಗಲುತ್ತಿರಲಿಲ್ಲ. ಪದೇ ಪದೇ ಸಿಂಪಡಿಸಿದಾಗ ಸಾಯುತ್ತಿದ್ದದ್ದು ಹೆಚ್ಚಾಗಿ ಅದರ ಶತ್ರುಗಳೇ. 2010ರ ಜುಲೈನಲ್ಲಿ ಬೆಂಗಳೂರಿನ ಬ್ಯೂರೋ ಅಸಿರೋಫೇಗಸ್ ಪಪಾಯೆ, ಸ್ಯೂಡ್ಲೆಪ್ಟೊಮ್ಯಾಸ್ಟಿಕ್ಸ್ ಮೆಕ್ಸಿಕಾನ ಮತ್ತು ಅನಾಗೈರಸ್ ಲೋಕಿ ಎಂಬ ಮೂರು ಕಣಜಗಳನ್ನು ಪೋರ್ಟೊರಿಕೊದಿಂದ ತರಿಸಿಕೊಂಡಿತು. ಅವು ರೇಷ್ಮೆ ಹುಳು ಮುಂತಾದ ಉಪಯುಕ್ತ ಕೀಟಗಳಿಗೆ ತೊಂದರೆ ಕೊಡುವುದಿಲ್ಲವೆಂದು ಖಚಿತಪಡಿಸಿಕೊಂಡ ಮೇಲೆ, ಅದೇ ವರ್ಷದ ಅಕ್ಟೋಬರ್‌ನಿಂದ ಬಿಡುಗಡೆ ಆರಂಭವಾಯಿತು. ಕೃಷಿ ವಿಶ್ವವಿದ್ಯಾಲಯಗಳು, ಕೃಷಿ ವಿಜ್ಞಾನ ಕೇಂದ್ರಗಳು ಹಾಗೂ ರೇಷ್ಮೆ ಸಂಸ್ಥೆಗಳು ಇವನ್ನು ಸಾಕಿ ರೈತರಿಗೆ ಹಂಚಿದವು. ಮೂರರಲ್ಲಿ ಅಸಿರೋಫೇಗಸ್ ಪಪಾಯೆ ಅತ್ಯಂತ ಪರಿಣಾಮಕಾರಿ ಎನಿಸಿತು. ಒಂದು ಮಿಲಿಮೀಟರಿಗಿಂತ ಚಿಕ್ಕದಾದ ಈ ಹಳದಿ ಕಣಜ ಬಿಟ್ಟ ಕಡೆಗಳಲ್ಲೆಲ್ಲ ನೆಲೆಯೂರಿ, ತಾನಾಗಿ ಸುತ್ತಲಿನ ತೋಟಗಳಿಗೂ ಹರಡಿತು. ಕೆಲವೇ ತಿಂಗಳುಗಳಲ್ಲಿ ತಿಗಣೆಯ ಹಾವಳಿ ಗಣನೀಯವಾಗಿ ಇಳಿಯಿತು. ಕಣಜ ಬಿಟ್ಟ ತೋಟಗಳಲ್ಲಿ ಸಿಂಪರಣೆ ನಿಲ್ಲಿಸಬೇಕೆಂಬುದು ಈ ಕಾರ್ಯಕ್ರಮದ ಮುಖ್ಯ ನಿಯಮವಾಗಿತ್ತು.

ತೆಂಗು

ತೆಂಗಿನ ಗರಿಗಳ ಅಡಿಯಲ್ಲಿ ಬಲೆ ಕಟ್ಟಿಕೊಂಡು ಹಸಿರು ಭಾಗವನ್ನು ಕೆರೆದು ತಿನ್ನುವ ಕಪ್ಪು ತಲೆ ಹುಳುವಿನ ವಿರುದ್ಧ ಕಣಜಗಳನ್ನು ಬಳಸುವ ಪ್ರಯತ್ನ ಪಶ್ಚಿಮ ಕರಾವಳಿಯಲ್ಲಿ ಇಪ್ಪತ್ತನೆಯ ಶತಮಾನದ ಮೊದಲಾರ್ಧದಿಂದಲೇ ನಡೆದಿದೆ. ಎತ್ತರದ ಮರಕ್ಕೆ ಔಷಧಿ ಹೊಡೆಯುವುದು ಕಷ್ಟವಾದ್ದರಿಂದ ಈ ಬೆಳೆಗೆ ಕಣಜ ವಿಶೇಷವಾಗಿ ಒಪ್ಪುತ್ತದೆ. ಗೊನಿಯೋಜಸ್ ನೆಫಾಂಟಿಡಿಸ್ ಮತ್ತು ಬ್ರಾಕಾನ್ ಬ್ರೆವಿಕಾರ್ನಿಸ್ ಬೆಳೆದ ಮರಿಹುಳುಗಳ ಮೇಲೆಯೂ, ಬ್ರಾಕಿಮೇರಿಯಾ ಕೋಶದ ಮೇಲೆಯೂ ಬೆಳೆಯುತ್ತವೆ. ಗೊನಿಯೋಜಸ್ ಅನ್ನು ಮರವೊಂದಕ್ಕೆ 20ರಂತೆ ಬಿಡುವುದು ರೂಢಿಯ ಶಿಫಾರಸು. ಕಾಸರಗೋಡಿನ ಕೇಂದ್ರೀಯ ತೋಟದ ಬೆಳೆಗಳ ಸಂಶೋಧನಾ ಸಂಸ್ಥೆ ಇವುಗಳ ಸಾಕಣೆ ಮತ್ತು ಬಿಡುಗಡೆಯ ಕ್ರಮಗಳನ್ನು ಅಭಿವೃದ್ಧಿಪಡಿಸಿದೆ.

2016ರಲ್ಲಿ ತಮಿಳುನಾಡಿನ ಪೊಳ್ಳಾಚಿಯಲ್ಲಿ ಪತ್ತೆಯಾದ ಸುರುಳಿಯಾಕಾರದ ಬಿಳಿ ನೊಣ ಬೇಗನೆ ಕೇರಳ ಮತ್ತು ಕರ್ನಾಟಕದ ತೆಂಗಿನ ತೋಟಗಳನ್ನು ಪ್ರವೇಶಿಸಿತು. ಅದನ್ನು ಎದುರಿಸಬಲ್ಲ ಎನ್ಕಾರ್ಸಿಯಾ ಗ್ವಾಡಲೂಪೆ ಎಂಬ ಕಣಜ ಆ ವೇಳೆಗಾಗಲೇ ದಕ್ಷಿಣ ಭಾರತದಲ್ಲಿತ್ತು. 1990ರ ದಶಕದಲ್ಲಿ ಬಂದ ಮತ್ತೊಂದು ಬಿಳಿ ನೊಣದ ಶತ್ರುವಾಗಿ ಅದು ಇಲ್ಲಿ ನೆಲೆಯೂರಿತ್ತು. ಹೀಗಾಗಿ ತಜ್ಞರು ಕೀಟನಾಶಕ ಬಳಸದೆ ಕಣಜ ಹೆಚ್ಚಲು ಅವಕಾಶ ಕೊಡುವಂತೆಯೂ, ಕಣಜವಿರುವ ಗರಿಗಳ ತುಂಡುಗಳನ್ನು ಅದಿಲ್ಲದ ತೋಟಗಳಿಗೆ ಒಯ್ಯುವಂತೆಯೂ ರೈತರಿಗೆ ಸಲಹೆ ನೀಡಿದರು.

ಕಬ್ಬು ಮತ್ತು ಭತ್ತ

2002ರಲ್ಲಿ ಮಹಾರಾಷ್ಟ್ರದಲ್ಲಿ ಕಾಣಿಸಿಕೊಂಡು ಉತ್ತರ ಕರ್ನಾಟಕದ ಕಬ್ಬಿನ ಪ್ರದೇಶಗಳಿಗೂ ಹಬ್ಬಿದ ಬಿಳಿ ಉಣ್ಣೆ ಹೇನಿನ ಹತೋಟಿಯಲ್ಲಿ ಡೈಫಾ ಎಂಬ ಪರಭಕ್ಷಕ ಪತಂಗದ ಮರಿಹುಳುಗಳೊಂದಿಗೆ, ಈಶಾನ್ಯ ಭಾರತದಿಂದ ತಂದ ಎನ್ಕಾರ್ಸಿಯಾ ಫ್ಲೇವೊಸ್ಕುಟೆಲ್ಲಮ್ ಕಣಜವೂ ಪಾತ್ರ ವಹಿಸಿತು.

ಕಬ್ಬಿನ ಕೊರಕಗಳಿಗೆ ಟ್ರೈಕೋಗ್ರಾಮ ಕೈಲೋನಿಸ್, ಭತ್ತದ ಕಾಂಡಕೊರಕಕ್ಕೆ ಟ್ರೈಕೋಗ್ರಾಮ ಜಪೋನಿಕಮ್ ಬಳಕೆಯಲ್ಲಿವೆ. ಇವನ್ನು ಅಕ್ಕಿ ಪತಂಗದ ಮೊಟ್ಟೆಗಳ ಮೇಲೆ ಸಾಕುತ್ತಾರೆ. ಮೊಟ್ಟೆಗಳನ್ನು ರಟ್ಟಿನ ಮೇಲೆ ಅಂಟಿಸಿ ಕಣಜಗಳಿಗೆ ಒಡ್ಡಿದಾಗ ಮೂರು ನಾಲ್ಕು ದಿನಗಳಲ್ಲಿ ಅವು ಕಪ್ಪಾಗುತ್ತವೆ. ಒಳಗೆ ಕಣಜ ಬೆಳೆಯುತ್ತಿದೆ ಎಂಬುದಕ್ಕೆ ಅದೇ ಗುರುತು. 'ಟ್ರೈಕೋಕಾರ್ಡ್' ಎನ್ನಲಾಗುವ ಇಂತಹ ಒಂದು ಕಾರ್ಡಿನಲ್ಲಿ ಸುಮಾರು 18ರಿಂದ 20 ಸಾವಿರ ಮೊಟ್ಟೆಗಳಿರುತ್ತವೆ. ಭತ್ತದಲ್ಲಿ ಹೆಕ್ಟೇರಿಗೆ ಒಂದು ಲಕ್ಷ ಕಣಜಗಳಂತೆ, ಅಂದರೆ ಐದಾರು ಕಾರ್ಡುಗಳನ್ನು, ವಾರಕ್ಕೊಮ್ಮೆ ಹಲವು ಬಾರಿ ಬಿಡಬೇಕಾಗುತ್ತದೆ. ಕಾರ್ಡನ್ನು ಸಣ್ಣ ತುಂಡುಗಳಾಗಿ ಕತ್ತರಿಸಿ, ಬಿಸಿಲಿಲ್ಲದ ಹೊತ್ತಿನಲ್ಲಿ ಎಲೆಯ ಅಡಿಗೆ ಸಿಕ್ಕಿಸುತ್ತಾರೆ. ಪತಂಗಗಳು ಮೊಟ್ಟೆಯಿಡುವ ಸಮಯಕ್ಕೆ ಸರಿಯಾಗಿ ಬಿಡದಿದ್ದರೆ ಪ್ರಯೋಜನವಿಲ್ಲ; ಹುಳು ಕಾಂಡದೊಳಗೆ ಸೇರಿದ ಮೇಲೆ ಟ್ರೈಕೋಗ್ರಾಮ ಏನೂ ಮಾಡಲಾರದು.

ರೇಷ್ಮೆ

ರೇಷ್ಮೆ ಹುಳುವಿನ ಮೇಲೆ ಮೊಟ್ಟೆಯಿಟ್ಟು ಅದನ್ನು ಕೊಲ್ಲುವ ಊಜಿ ನೊಣವೂ ಒಂದು ಪರತಂತ್ರ ಜೀವಿಯೇ. ಆದರೆ ಅದು ಕಣಜವಲ್ಲ, ನೊಣ. ಅದು 1980ರಲ್ಲಿ ಕರ್ನಾಟಕವನ್ನು ಪ್ರವೇಶಿಸಿ ರೇಷ್ಮೆ ಬೆಳೆಗಾರರಿಗೆ ಭಾರಿ ನಷ್ಟವನ್ನುಂಟುಮಾಡಿತು. ಈ ನೊಣದ ಕೋಶಗಳ ಮೇಲೆ ಬೆಳೆಯುವ ನೆಸೊಲಿಂಕ್ಸ್ ಥೈಮಸ್ ಎಂಬ ಕಣಜವನ್ನು ಸಾಕಿ, ಹುಳು ಮನೆಗಳಲ್ಲಿ ಬಿಡುವ ಕ್ರಮ ಈಗ ರೂಢಿಯಲ್ಲಿದೆ.

ಉತ್ತರ ಕನ್ನಡದ ಘಟ್ಟದ ಮೇಲಿನ ತೋಟಗಳು

ಶಿರಸಿ, ಸಿದ್ದಾಪುರ ಮತ್ತು ಯಲ್ಲಾಪುರ ತಾಲ್ಲೂಕುಗಳ ಅಡಿಕೆ ತೋಟಗಳು, ನೆಲೆಯೂರಿದ ಕಣಜಗಳಿಗೆ ಅನುಕೂಲವಾದ ಪರಿಸರಕ್ಕೆ ಉತ್ತಮ ಉದಾಹರಣೆ. ಶಿರಸಿ–ಯಲ್ಲಾಪುರ ರಸ್ತೆಯಲ್ಲಿರುವ ಮಂಚಿಕೇರಿಯ ಸುತ್ತಮುತ್ತ ಕಾಣುವಂತೆ, ಇಲ್ಲಿನ ತೋಟಗಳು ಕಣಿವೆಯ ತಗ್ಗಿನಲ್ಲಿದ್ದು ಮೂರೂ ಕಡೆ ಕಾಡು ಅಥವಾ ಸೊಪ್ಪಿನ ಬೆಟ್ಟದಿಂದ ಆವೃತವಾಗಿರುತ್ತವೆ. ತೋಟಕ್ಕೆ ಸೊಪ್ಪು ತರಲು ಹಕ್ಕಿರುವ ಅರಣ್ಯಭೂಮಿಗೆ ಸೊಪ್ಪಿನ ಬೆಟ್ಟ ಎಂದು ಹೆಸರು. ಎಕರೆ ತೋಟಕ್ಕೆ 9 ಎಕರೆಯವರೆಗೂ ಬೆಟ್ಟ ಬಿಟ್ಟುಕೊಡುವ ವ್ಯವಸ್ಥೆ ಬ್ರಿಟಿಷರ ಆಡಳಿತದಿಂದ ಬಂದದ್ದು. ತೋಟದೊಳಗೆ ಅಡಿಕೆಯ ಜೊತೆಗೆ ಬಾಳೆ, ಏಲಕ್ಕಿ, ಕಾಳುಮೆಣಸು ಹಂತಹಂತವಾಗಿ ಬೆಳೆಯುತ್ತವೆ. ವರ್ಷವಿಡೀ ಒಂದಲ್ಲ ಒಂದು ಹೂವು, ನೆರಳು, ತೇವ ಮತ್ತು ಬಗೆಬಗೆಯ ಆತಿಥೇಯ ಕೀಟಗಳು ಸಿಗುವುದರಿಂದ ಕಣಜಗಳ ಸಂತತಿ ಕಡಿದುಹೋಗುವುದಿಲ್ಲ.

ಈ ಬೆಳೆಗಳ ಹಲವು ಪೀಡೆಗಳಿಗೆ ಕಣಜಗಳು ಸಹಜ ಶತ್ರುಗಳಾಗಿವೆ. ಏಲಕ್ಕಿಯ ಕಾಂಡ ಮತ್ತು ಕಾಯಿಗಳನ್ನು ಕೊರೆಯುವ ಹುಳುವಿನ ಮೇಲೆ ಇಕ್ನ್ಯೂಮೊನಿಡೇ ಮತ್ತು ಬ್ರಾಕೊನಿಡೇ ಕುಟುಂಬಗಳ ಅನೇಕ ಕಣಜಗಳು ದಾಖಲಾಗಿವೆ. ಎಳೆಯ ಮೆಣಸಿನ ಬಳ್ಳಿಯ ಕುಡಿಯನ್ನು ಕೊರೆಯುವ ಹುಳುವಿನ ಮೇಲೆ ಅಪಾಂಟೆಲಿಸ್ ಸಿಡಿಯೇ ಬೆಳೆಯುತ್ತದೆ. ಬಾಳೆ ಎಲೆಯನ್ನು ಸುರುಳಿ ಸುತ್ತುವ ಚಿಟ್ಟೆಯ ಹುಳುಗಳನ್ನು ಮೊಟ್ಟೆ, ಮರಿ ಮತ್ತು ಕೋಶ ಈ ಮೂರೂ ಹಂತಗಳಲ್ಲಿ ಬೇರೆಬೇರೆ ಕಣಜಗಳು ಹಿಡಿಯುತ್ತವೆ. ಅಡಿಕೆಯ ಬೇರುಹುಳುಗಳ ಮೇಲೆ ಸ್ಕೋಲಿಡ್ ಕಣಜಗಳು ಮಣ್ಣಿನೊಳಗೆ ದಾಳಿಮಾಡುತ್ತವೆ. ಎಲ್ಲ ಪೀಡೆಗಳಿಗೂ ಕಣಜವೇ ಮದ್ದಲ್ಲ. ಅಡಿಕೆಯ ಕೊಳೆರೋಗ ಶಿಲೀಂಧ್ರದಂತಹ ಸೂಕ್ಷ್ಮಜೀವಿಯಿಂದ ಬರುವುದರಿಂದ ಅದಕ್ಕೆ ಬೋರ್ಡೋ ದ್ರಾವಣದ ಸಿಂಪರಣೆ ಬೇಕೇ ಬೇಕು. ಆದರೆ ಮಳೆಗಾಲದ ಆ ಸಿಂಪರಣೆಯೊಂದಿಗೆ ಅಗತ್ಯವಿಲ್ಲದೆ ಕೀಟನಾಶಕವನ್ನೂ ಬೆರೆಸಿದರೆ ತೋಟದ ಕಣಜಗಳು ನಾಶವಾಗುತ್ತವೆ.

ಯಲ್ಲಾಪುರ, ಹಳಿಯಾಳ ಭಾಗದ ತೇಗದ ಕಾಡುಗಳಲ್ಲಿಯೂ ಇದೇ ತತ್ವ ಕಾಣುತ್ತದೆ. ತೇಗದ ಎಲೆಗಳನ್ನು ತಿನ್ನುವ ಹೈಬ್ಲಿಯಾ ಮತ್ತು ಎಲೆಯನ್ನು ಜಾಲರಿಯಂತಾಗಿಸುವ ಹುಳುಗಳಿಗೆ ಹಲವು ಪರಾವಲಂಬಿ ಕಣಜಗಳಿವೆ. ಭಾರತದ ಅರಣ್ಯ ಕೀಟಗಳ ಅಧ್ಯಯನಕ್ಕೆ ಅಡಿಪಾಯ ಹಾಕಿದ ಸಿ. ಎಫ್. ಸಿ. ಬೀಸನ್, ತೇಗದ ನೆಡುತೋಪುಗಳಲ್ಲಿ ಕೆಳಪೊದೆಗಳನ್ನೂ ಇತರ ಮರಗಳನ್ನೂ ಸವರಿ ಹಾಕದೆ ಉಳಿಸಿದರೆ ಈ ಕಣಜಗಳಿಗೆ ಬದಲಿ ಆತಿಥೇಯ ಕೀಟಗಳು ದೊರೆತು ಅವು ಬಾಳುತ್ತವೆ ಎಂದು 1930ರ ದಶಕದಲ್ಲಿಯೇ ಪ್ರತಿಪಾದಿಸಿದ್ದರು.

ಗುರುತಿಸುವ ಬಗೆ

ಕಣಜ ಕಣ್ಣಿಗೆ ಬೀಳದಿದ್ದರೂ ಅದರ ಕೆಲಸದ ಗುರುತುಗಳು ಬರಿಗಣ್ಣಿಗೆ ಕಾಣುತ್ತವೆ.

ಮರಿಹುಳುವಿನ ಮೈಮೇಲೆ ಅಥವಾ ಪಕ್ಕದಲ್ಲಿ ಅಕ್ಕಿಕಾಳಿನಂತಹ ಬಿಳಿ ಅಥವಾ ಹಳದಿ ಗೂಡುಗಳ ಗೊಂಚಲು: ಇವು ಹುಳುವಿನ ಮೊಟ್ಟೆಗಳಲ್ಲ, ಅದರೊಳಗಿಂದ ಹೊರಬಂದ ಕಣಜದ ಮರಿಗಳು ನೇಯ್ದ ರೇಷ್ಮೆಯ ಗೂಡುಗಳು. ಹುಳು ಮೊಟ್ಟೆಯಿಟ್ಟಿದೆಯೆಂದು ಭಾವಿಸಿ ಇವನ್ನು ಹೊಸಕಿ ಹಾಕುವುದು ಸಾಮಾನ್ಯ ತಪ್ಪು. ಮೊಟ್ಟೆಯಿಡುವುದು ಪ್ರೌಢ ಪತಂಗ ಮಾತ್ರ, ಮರಿಹುಳುವಲ್ಲ.

ಊದಿಕೊಂಡು ಕಂದು ಬಣ್ಣಕ್ಕೆ ತಿರುಗಿ ಒಣಗಿದ ಸಸ್ಯಹೇನು ಅಥವಾ ಹಿಟ್ಟು ತಿಗಣೆ: ಇದನ್ನು 'ಮಮ್ಮಿ' ಎನ್ನುತ್ತಾರೆ. ಅದರ ಬೆನ್ನಿನಲ್ಲಿ ದುಂಡಗಿನ ರಂಧ್ರವಿದ್ದರೆ ಕಣಜ ಹೊರಬಂದಿದೆ ಎಂದರ್ಥ.

ಕಪ್ಪಾದ ಪತಂಗದ ಮೊಟ್ಟೆಗಳು ಮತ್ತು ಎಲೆಯ ಅಡಿಯಲ್ಲಿ ಕಪ್ಪಾದ ಬಿಳಿ ನೊಣದ ಮರಿಗಳು: ಇವುಗಳ ಒಳಗೆ ಕಣಜ ಬೆಳೆಯುತ್ತಿರುವ ಸಾಧ್ಯತೆ ಹೆಚ್ಚು.

ಇಂತಹ ಎಲೆ ಅಥವಾ ಹುಳುವನ್ನು ಗಾಜಿನ ಬಾಟಲಿಯಲ್ಲಿಟ್ಟು, ಬಾಯಿಗೆ ತೆಳುಬಟ್ಟೆ ಕಟ್ಟಿ ಕೆಲವು ದಿನ ಕಾದರೆ ಹೊರಬರುವ ಕಣಜಗಳನ್ನು ನೋಡಬಹುದು. ಶಾಲಾ ವಿದ್ಯಾರ್ಥಿಗಳು ಮಾಡಬಹುದಾದ ಸುಲಭ ಪ್ರಯೋಗವಿದು.

ಮಿತಿಗಳು ಮತ್ತು ಸಂರಕ್ಷಣೆ

ಕಣಜಗಳು ಪೀಡೆಯನ್ನು ಪೂರ್ತಿ ಇಲ್ಲವಾಗಿಸುವುದಿಲ್ಲ. ಹಾನಿ ಸಹಿಸಬಹುದಾದ ಮಟ್ಟಕ್ಕೆ ಇಳಿಸುತ್ತವೆ. ಪೀಡೆ ಹೆಚ್ಚಿದ ಬಳಿಕವೇ ಅವುಗಳ ಸಂಖ್ಯೆ ಏರುವುದರಿಂದ ಸ್ವಲ್ಪ ಕಾಲ ಕಾಯಬೇಕಾಗುತ್ತದೆ. ಬಹುಪಾಲು ಪ್ರಭೇದಗಳು ಕೆಲವೇ ಬಗೆಯ ಕೀಟಗಳಿಗೆ ಮೀಸಲಾದ್ದರಿಂದ ಒಂದು ಪೀಡೆಯ ಕಣಜ ಇನ್ನೊಂದಕ್ಕೆ ಒದಗದು. ಕಣಜದ ಮೇಲೆಯೇ ಬೆಳೆಯುವ ಇತರ ಕಣಜಗಳೂ ಇದ್ದು, ಅವು ಉಪಯುಕ್ತ ಪ್ರಭೇದಗಳನ್ನು ತಗ್ಗಿಸುವುದುಂಟು. ಸಿಹಿ ಅಂಟಿಗಾಗಿ ಸಸ್ಯಹೇನು ಮತ್ತು ಹಿಟ್ಟು ತಿಗಣೆಗಳನ್ನು ಕಾಯುವ ಇರುವೆಗಳು ಕಣಜಗಳನ್ನು ಹತ್ತಿರ ಬರಗೊಡುವುದಿಲ್ಲ.

ದೊಡ್ಡ ಅಪಾಯ ಕೀಟನಾಶಕಗಳದ್ದು. ಸದಾ ಎಲೆಯ ಮೇಲೆ ಓಡಾಡುವ ಈ ಸಣ್ಣ ಜೀವಿಗಳಿಗೆ ಹೆಚ್ಚಿನ ಕೀಟನಾಶಕಗಳು ಪೀಡೆಗಿಂತ ಬೇಗ ತಗಲುತ್ತವೆ. ಸಿಂಪರಣೆಯ ಬಳಿಕ ಪೀಡೆಯ ಸಂತತಿ ಮತ್ತೆ ಬೇಗ ಏರುತ್ತದೆ. ಅದರ ಶತ್ರುಗಳ ಸಂಖ್ಯೆ ಅಷ್ಟು ಬೇಗ ಏರುವುದಿಲ್ಲ. ಹೀಗೆ ಸಿಂಪಡಿಸಿದ ಹೊಲದಲ್ಲಿಯೇ ಪೀಡೆ ಮೊದಲಿಗಿಂತ ಹೆಚ್ಚುವುದಕ್ಕೆ 'ಪೀಡೆಯ ಮರುಕಳಿಕೆ' ಎನ್ನುತ್ತಾರೆ.

ಸಂರಕ್ಷಣೆಗೆ ಶಿಫಾರಸು ಮಾಡಲಾಗುವ ಕ್ರಮಗಳು ಸರಳವಾದವು. ಪೀಡೆಯ ಪ್ರಮಾಣ ನೋಡದೆ ವೇಳಾಪಟ್ಟಿಯಂತೆ ಸಿಂಪಡಿಸದಿರುವುದು. ಅನಿವಾರ್ಯವಾದರೆ ಪೀಡೆಯಿರುವ ಗಿಡಗಳಿಗಷ್ಟೇ ಸಿಂಪಡಿಸುವುದು. ಕಣಜ ಬಿಟ್ಟ ಹಿಂದು ಮುಂದಿನ ದಿನಗಳಲ್ಲಿ ಕೀಟನಾಶಕ ಬಳಸದಿರುವುದು. ಬದುಗಳಲ್ಲಿ ಕೊತ್ತಂಬರಿ, ಸಬ್ಬಸಿಗೆ, ಸಾಸಿವೆಯಂತಹ ಸಣ್ಣ ಹೂವಿನ ಗಿಡಗಳನ್ನು ಬೆಳೆಸುವುದು. ಮಮ್ಮಿಗಳಿರುವ ಎಲೆಗಳನ್ನು ಸುಡದೆ ತೋಟದಲ್ಲಿಯೇ ಉಳಿಸುವುದು.

ಹಾನಿಕಾರಕ ಸಂಬಂಧಿಗಳು

ಈ ಗುಂಪಿನ ಎಲ್ಲ ಕಣಜಗಳೂ ರೈತಮಿತ್ರರಲ್ಲ. ಕ್ಯಾಲ್ಸಿಡ್‌ಗಳಲ್ಲಿ ಕೆಲವು ಕೀಟಗಳ ಬದಲು ಗಿಡಗಳಲ್ಲಿಯೇ ಮೊಟ್ಟೆಯಿಟ್ಟು ಗಂಟುಗಳನ್ನು ಉಂಟುಮಾಡುತ್ತವೆ. 2000ರ ದಶಕದಲ್ಲಿ ದಕ್ಷಿಣ ಭಾರತಕ್ಕೆ ಬಂದ ಕ್ವಾಡ್ರಾಸ್ಟಿಕಸ್ ಎರಿಥ್ರಿನೇ, ಮೆಣಸಿನ ಬಳ್ಳಿಗೆ ಆಸರೆಯಾಗಿ ಬೆಳೆಸುವ ಹಾಲುವಾಣದ ಎಲೆ ಮತ್ತು ಕುಡಿಗಳನ್ನು ಗಂಟುಗಟ್ಟಿಸಿ ಮರಗಳನ್ನು ಒಣಗಿಸಿತು. ಅದೇ ದಶಕದಲ್ಲಿ ಲೆಪ್ಟೊಸೈಬಿ ಇನ್‌ವೇಸಾ ಕರ್ನಾಟಕದ ನೀಲಗಿರಿ ನೆಡುತೋಪುಗಳನ್ನು ಬಾಧಿಸಿತು. ಇದರ ಹತೋಟಿಗೆ ಒದಗಿದ್ದೂ ಅದರ ಗಂಟುಗಳೊಳಗೆ ಮೊಟ್ಟೆಯಿಡುವ ಬೇರೆ ಪರಾವಲಂಬಿ ಕಣಜಗಳೇ.

ಸಂಸ್ಕೃತಿ ಮತ್ತು ಚಿಂತನೆಯಲ್ಲಿ

ಭಾರತೀಯ ಚಿಂತನೆಯಲ್ಲಿ ಪ್ರಸಿದ್ಧವಾದ 'ಭ್ರಮರ-ಕೀಟ ನ್ಯಾಯ' ಕಣಜಗಳ ಜೀವನಕ್ರಮದ ಹಳೆಯ ಅವಲೋಕನದಿಂದ ಹುಟ್ಟಿದಂತಿದೆ. ಭ್ರಮರವು ಹುಳುವೊಂದನ್ನು ತಂದು ಮಣ್ಣಿನ ಗೂಡಿನಲ್ಲಿಡುತ್ತದೆ. ಹುಳು ಭ್ರಮರವನ್ನೇ ಧ್ಯಾನಿಸುತ್ತಾ ಕೊನೆಗೆ ತಾನೇ ಭ್ರಮರವಾಗುತ್ತದೆ ಎಂಬುದು ಆ ದೃಷ್ಟಾಂತ. ಗುರು-ಶಿಷ್ಯರ, ಭಕ್ತ-ಭಗವಂತರ ಸಂಬಂಧವನ್ನು ವಿವರಿಸಲು ವೇದಾಂತ ಗ್ರಂಥಗಳೂ ಕನ್ನಡದ ವಚನ ಸಾಹಿತ್ಯವೂ ಇದನ್ನು ಬಳಸಿಕೊಂಡಿವೆ. ವಾಸ್ತವದಲ್ಲಿ ಮನೆಯ ಗೋಡೆ, ಜಂತೆಗಳಲ್ಲಿ ಮಣ್ಣಿನ ಗೂಡು ಕಟ್ಟುವ ಬೇಟೆಗಾರ ಕಣಜಗಳು ಮರಿಹುಳು ಅಥವಾ ಜೇಡವನ್ನು ಕುಟುಕಿ ನಿಶ್ಚೇಷ್ಟಗೊಳಿಸಿ ಗೂಡಿನೊಳಗಿಟ್ಟು, ಅದರೊಂದಿಗೆ ಮೊಟ್ಟೆಯಿಟ್ಟು ಬಾಯಿ ಮುಚ್ಚುತ್ತವೆ. ಒಳಗಿನ ಹುಳುವನ್ನು ತಿಂದು ಬೆಳೆದ ಹೊಸ ಕಣಜ ಗೂಡನ್ನು ಒಡೆದು ಹೊರಬರುತ್ತದೆ. ಒಳಹೋದದ್ದು ಹುಳು, ಹೊರಬಂದದ್ದು ಕಣಜ ಎಂಬ ಅವಲೋಕನ ಸರಿಯಾಗಿಯೇ ಇದೆ; ನಡುವೆ ನಡೆದದ್ದು ಮಾತ್ರ ಬೇರೆ.

ಯುರೋಪಿನಲ್ಲಿಯೂ ಇಂತಹ ತಪ್ಪು ಗ್ರಹಿಕೆಯಿತ್ತು. ಮರಿಹುಳುವಿನ ಪಕ್ಕದ ಬಿಳಿ ಗೂಡುಗಳನ್ನು 1602ರಲ್ಲಿ ಇಟಲಿಯ ಅಲ್ಡ್ರೊವಾಂಡಿ ಹುಳುವಿನ ಮೊಟ್ಟೆಗಳೆಂದೇ ಭಾವಿಸಿದ್ದರು. ಅವು ಬೇರೊಂದು ಜೀವಿಯ ಸಂತತಿ ಎಂಬುದು ಅದೇ ಶತಮಾನದ ಕೊನೆಯ ವೇಳೆಗೆ ಸೂಕ್ಷ್ಮ ವೀಕ್ಷಣೆಗಳಿಂದ ಸ್ಪಷ್ಟವಾಯಿತು. ಬದುಕಿರುವ ಮರಿಹುಳುವನ್ನು ಒಳಗಿನಿಂದ ತಿನ್ನುವ ಇಕ್ನ್ಯೂಮೊನಿಡ್ ಕಣಜಗಳನ್ನು ದಯಾಮಯನಾದ ದೇವರು ಬೇಕೆಂದೇ ಸೃಷ್ಟಿಸಿದ್ದಾನೆ ಎಂದು ನಂಬಲು ತನಗೆ ಸಾಧ್ಯವಾಗುತ್ತಿಲ್ಲವೆಂದು ಚಾರ್ಲ್ಸ್ ಡಾರ್ವಿನ್ 1860ರಲ್ಲಿ ಅಮೆರಿಕದ ಸಸ್ಯವಿಜ್ಞಾನಿ ಏಸಾ ಗ್ರೇ ಅವರಿಗೆ ಬರೆದ ಪತ್ರದಲ್ಲಿ ಹೇಳಿಕೊಂಡಿದ್ದರು.